ಏಡಾಳ ದನಿ

"ಈ ತಟ್ಟೆಯನ್ನ ಬೇರೆ ಯಾರಾದ್ರೂ ಹಾಕಿ ಕೇಳಿದಾರಾ?" ಬಾಗಿಲು ಹಾಕಿಕೊಳ್ಳುತ್ತಲೇ ಪ್ರೊಫೆಸರ್ ರವಿಶಂಕರ ಕೇಳಿದ.

"ನಾನು ಮಾತ್ರ ಸರ್. ಕಲೋನ್‌ನಲ್ಲಿ ಮಾರಿದವರ ಮನೇಲಿ, ಒಂದೇ ಸಲ."

ಧೃತಿ ಬರ್ಲಿನ್ ವಿಶ್ವವಿದ್ಯಾಲಯದಲ್ಲಿ ಅವನ ಕೈಕೆಳಗೆ ಪಿಎಚ್‌ಡಿ ಮಾಡುವವಳು. ರೈಲು ಊರು ಸೇರುವವರೆಗೂ ಆ ಗ್ರಾಮಫೋನ್ ತಟ್ಟೆಯನ್ನು ತೊಡೆಯಿಂದ ಕೆಳಗಿಳಿಸಿರಲಿಲ್ಲ.

ನೂರು ವರ್ಷಕ್ಕೂ ಹಿಂದಿನ ಬ್ರಿಟಿಷ್ ಹಾಡಿನ ಕಿರುಚಿತ್ರವೊಂದರ ದನಿ ಅದರಲ್ಲಿತ್ತು. ಆಗೆಲ್ಲ ಹಾಡನ್ನು ಮೊದಲು ತಟ್ಟೆಗಿಳಿಸಿ, ಆಮೇಲೆ ಅದಕ್ಕೆ ತುಟಿಯಾಡಿಸುವವರ ಚಿತ್ರ ತೆಗೆಯುತ್ತಿದ್ದರು. ಹಾಡಿದವರು ಒಬ್ಬರಾದರೆ ಮುಖ ಇನ್ನೊಬ್ಬರದು. ಏಡಾ ಎಂಬ ನಟಿ ಮಾತ್ರ ತಾನೇ ಹಾಡಿದ್ದಳೆಂದು ರವಿಶಂಕರ ದಪ್ಪ ಪುಸ್ತಕ ಬರೆದಿದ್ದ. ತಟ್ಟೆ ಸಿಕ್ಕಿರಲಿಲ್ಲ. ದನಿಯಿಲ್ಲದೆ ಉಳಿದಿದ್ದ ಚಿತ್ರದಲ್ಲಿ ಅವಳ ಗಂಟಲಿನ ನರ ಉಬ್ಬಿದ್ದನ್ನು ನೋಡಿ ಬರೆದದ್ದು ಅಷ್ಟೇ. ಲಂಡನ್ನಿನ ಪಂಡಿತರು ನಕ್ಕಿದ್ದರು. ಆದರೂ ಆ ಪುಸ್ತಕದಿಂದಲೇ ಅವನಿಗೆ ಈ ಕುರ್ಚಿ ಸಿಕ್ಕಿತ್ತು.

"ಗುರುವಾರ ಸೆಮಿನಾರ್‌ನಲ್ಲಿ ಹಾಕೋಣ ಸರ್. ಅಲ್ಲಿಗೆ ಎಲ್ಲರ ಬಾಯಿ ಮುಚ್ಚುತ್ತೆ."

ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡ ಹಾಗಾಯಿತು ಅವನಿಗೆ. ಅವಳ ಕಣ್ಣು ತುಂಬಿತ್ತು. ತನ್ನ ಪುಸ್ತಕ ಸುಳ್ಳಾಯಿತೆಂಬ ಕನಿಕರ ಎಂದುಕೊಂಡ. ಮೈ ಉರಿಯಿತು.

ಫೋನಿನಲ್ಲಿ ರೆಕಾರ್ಡ್ ಮಾಡಿಕೊಂಡಿದ್ದೀಯಾ ಎಂದು ವಿಚಾರಿಸಿದ. ಇಲ್ಲವೆಂದಳು. ಇಂಥದ್ದನ್ನು ಮೊದಲು ಗುರುಗಳಿಗೆ ಕೇಳಿಸಬೇಕು, ಫೋನಿಗಲ್ಲ ಎಂಬುದು ಅವಳ ಲೆಕ್ಕ.

ರವಿಶಂಕರ ತಟ್ಟೆಯನ್ನು ಬೆಳಕಿಗೆ ಹಿಡಿದು ನೋಡಿದ, ಭೇಷ್ ಎಂದ, ಯಂತ್ರಕ್ಕೆ ಹಾಕು ಎಂದು ಅವಳತ್ತ ಚಾಚಿದ. ಅವಳ ಬೆರಳು ಮುಟ್ಟುವ ಮೊದಲೇ ಕೈಬಿಟ್ಟ.

ನೆಲಕ್ಕೆ ಬಿದ್ದ ತಟ್ಟೆ ಒಡೆಯಿತು. ಗಾಬರಿಯಾದವನಂತೆ ಮುಂದೆ ನುಗ್ಗಿ, ಉಳಿದ ದೊಡ್ಡ ಚೂರುಗಳ ಮೇಲೂ ಬೂಟುಗಾಲಿಟ್ಟ.

"ಒಂದು ತಟ್ಟೆ ಹಿಡಿಯೋಕೆ ಬರಲ್ವಾ ನಿಂಗೆ?"

ಇಷ್ಟು ಬೇಜವಾಬ್ದಾರಿಯವಳನ್ನು ಇಟ್ಟುಕೊಳ್ಳಲಾರೆ, ಬೇರೆ ಗೈಡ್ ಹುಡುಕಿಕೋ, ವಿಭಾಗಕ್ಕೆ ಇವತ್ತೇ ಬರೆಯುತ್ತೇನೆ ಎಂದ. ಅವಳು ತನ್ನದೇ ತಪ್ಪೆಂದು ನಂಬಿ ಕ್ಷಮೆ ಕೇಳಿದಳು. ಅವನಿಗೆ ಹೋದ ಜೀವ ಬಂದಂತಾಗಿತ್ತು. ಕುರ್ಚಿಗೆ ಒರಗಿ, ಅಷ್ಟಕ್ಕೂ ಅದರಲ್ಲಿ ಏನಿತ್ತು ಎಂದು ಸಾವಕಾಶವಾಗಿ ಕೇಳಿದ.

ಧೃತಿ ನೆಲದ ಮೇಲಿನ ಪುಡಿಯನ್ನು ಅಂಗೈಗೆ ಗುಡಿಸಿಕೊಳ್ಳುತ್ತ, ತಲೆ ಎತ್ತದೆ ಹೇಳಿದಳು: "ಏಡಾನೇ ಹಾಡಿದ್ದು ಸರ್, ನೀವು ಬರೆದ ಹಾಗೇ. ಕೊನೇಲಿ ತನ್ನ ಹೆಸರನ್ನೂ ಹೇಳಿದ್ದಳು."