ಒಂಬತ್ತು ದಿನದ ಬೇಸಾಯ

“ಎತ್ತನ್ನ ಬೇಡ್ಕೋಬೇಡಿ ಸಾಮಿ, ಬೈಯಿರಿ!” ಬದುವಿನ ಮೇಲಿಂದ ಆವಲಮ್ಮ ಕೂಗಿದಳು.

ಶ್ರೀನಿವಾಸಪ್ಪನಿಗೆ ಬೈಯಲು ಬರುತ್ತಿರಲಿಲ್ಲವೆಂದಲ್ಲ. ಕೋಲಾರದ ಪೇಟೆಯಲ್ಲಿ ಅವನ ಬಾಯಿಗೆ ಹೆದರದವರೇ ಇರಲಿಲ್ಲ. ಆದರೆ ಎತ್ತುಗಳು ಅವನ ಹಂಗಿನಲ್ಲಿರಲಿಲ್ಲ. ಕದಲಲಿಲ್ಲ.

ಬೆಂಗಳೂರಿನ ಜವಳಿ ವ್ಯಾಪಾರಿಯೊಬ್ಬ ಅವನ ಮೇಲೆ ಎರಡು ಸಾವಿರಕ್ಕೆ ಡಿಕ್ರಿ ಪಡೆದಿದ್ದ. ಕಟ್ಟದಿದ್ದರೆ ಪೇಟೆಯ ಮನೆ ಹರಾಜು. ಕೋರ್ಟಿನ ಅಮೀನ ಬಾಗಿಲಿಗೆ ನೋಟೀಸನ್ನೂ ಅಂಟಿಸಿ ಹೋಗಿದ್ದ. ಉಳಿದದ್ದು ಒಂದೇ ದಾರಿ. ಸಾಲದಲ್ಲಿ ಸಿಕ್ಕ ರೈತರಿಗೆಂದು ಮಹಾರಾಜರ ಸರ್ಕಾರ ಕಾನೂನು ಮಾಡಿತ್ತು. ಬೇಸಾಯದಿಂದಲೇ ಬದುಕುವವನಾದರೆ ಹರಾಜು ನಿಲ್ಲುತ್ತದೆ, ಸಣ್ಣ ಸಣ್ಣ ಕಂತಿನಲ್ಲಿ ತೀರಿಸಬಹುದು.

ಶ್ರೀನಿವಾಸಪ್ಪ ಒಂದು ಅರ್ಜಿ ಗೀಚಿ ರೈತನಾದ. ವಕ್ಕಲೇರಿಯ ಆವಲಮ್ಮನ ಎರಡೆಕರೆ ಹೊಲವನ್ನು ಗುತ್ತಿಗೆಗೆ ಉಳುತ್ತಿದ್ದೇನೆಂದು ಬರೆದ. ನಿಜವೋ ಸುಳ್ಳೋ ನೋಡಲು ಕೋರ್ಟು ಕಮಿಷನರನ್ನು ಕಳಿಸುವುದಿತ್ತು.

ಆವಲಮ್ಮ ಇಲ್ಲವೆನ್ನಲಿಲ್ಲ. ಒಂಬತ್ತು ದಿನ ನೇಗಿಲ ಮೇಣಿ ಹಿಡಿಯುವುದನ್ನು ಕಲಿಸಿದಳು. ಅವನ ಅಂಗೈಯ ಬೊಬ್ಬೆಗೆ ಹರಳೆಣ್ಣೆ ಸವರಿದಳು. ಉಂಗುರ ತೆಗೆದ ಬೆರಳಿನ ಬಿಳಿ ಗುರುತಿಗೆ ಚಿಂದಿ ಸುತ್ತಿದಳು. ಅನ್ನ ಉಂಡು ಬೆಳೆದವನಿಗೆ ಮುದ್ದೆ ನುಂಗುವುದನ್ನು ತೋರಿಸಿ, ಸೊಪ್ಪಿನ ಸಾರನ್ನು ಎರಡೆರಡು ಸಲ ಬಡಿಸಿದಳು.

“ನಿನಗೇನು ಕೊಡ್ಲಿ ಆವಲಮ್ಮ?”

“ಏನೂ ಬೇಡ ಸಾಮಿ. ಸಾಹೇಬ್ರು ಏನ್ ಕೇಳಿದ್ರೂ ಬೇಸಾಯ ಒಂದೇ ಅನ್ನಿ. ಇನ್ನೊಂದು ಕಸುಬು ಬಾಯಿಗೆ ಬಂತೋ, ಮನೆ ಹೋಯ್ತು.”

ಹತ್ತನೆಯ ದಿನ ವಕೀಲ ಓಬೇದುಲ್ಲಾ ಸಾಹೇಬರು ಕಮಿಷನರಾಗಿ ಜಟಕಾದಲ್ಲಿ ಬಂದಿಳಿದರು. ಶ್ರೀನಿವಾಸಪ್ಪ ಎತ್ತುಗಳ ಮೂರು ತಲೆಮಾರನ್ನು ಬೈದ. ಹಿಂದಿನಿಂದ ಆವಲಮ್ಮ ಮೆಲ್ಲಗೆ ಲೊಚಗುಟ್ಟಿದಳು. ಎತ್ತುಗಳು ನಡೆದವು.

“ಎತ್ತಿನ ಹೆಸರೇನ್ರೀ?”

“ಕೆಂದ, ಮಾಲಿಂಗ.”

“ಇದರಲ್ಲಿ ಕೆಂದ ಯಾವುದು?”

“ಒದೆಯೋದು, ಸಾಹೇಬ್ರೇ.”

ಸಾಹೇಬರು ಎರಡು ಹೆಜ್ಜೆ ಹಿಂದೆ ಸರಿದು ಬರೆದುಕೊಂಡರು. “ಅಂಗಡಿ ಇತ್ತಂತಲ್ಲ?”

“ಮುಚ್ಚಿ ಮೂರು ವರ್ಷವಾಯ್ತು.”

“ಬಡ್ಡಿ ವ್ಯವಹಾರ?”

“ರಾಮ ರಾಮಾ!”

“ಯಾರಾದ್ರೂ ನಿಮಗೆ ಬಾಕಿ ಕೊಡಬೇಕಾ?”

“ಒಬ್ಬರಿಂದಲೂ ಒಂದು ಕಾಸು ಬರಬೇಕಾಗಿಲ್ಲ ಸ್ವಾಮಿ. ನನಗೆ ಭೂಮಿತಾಯಿ ಒಬ್ಬಳೇ ಗತಿ.” ಕಣ್ಣೀರೂ ಬಂತು. ಕೆಂದ ಬಾಲದಿಂದ ಕಣ್ಣಿಗೇ ಹೊಡೆದಿತ್ತು.

“ಅದನ್ನೂ ಬರ್ಕೊಳ್ಳಿ ಸಾಹೇಬ್ರೇ,” ಎಂದಳು ಆವಲಮ್ಮ. “ಪಾಪ, ಬಡವ್ರು.”

ಸಾಹೇಬರು ಬರೆದರು, ಓದಿ ಹೇಳಿದರು. ಶ್ರೀನಿವಾಸಪ್ಪ ಪ್ರಮಾಣ ಮಾಡಿ ಸಹಿ ಹಾಕಿದ. ಸಾಕ್ಷಿಯಾಗಿ ಆವಲಮ್ಮ ಹೆಬ್ಬೆಟ್ಟು ಒತ್ತಿದಳು. “ರೈತನೆಂದೇ ವರದಿ ಕೊಡ್ತೀನಿ,” ಎಂದು ಸಾಹೇಬರು ಜಟಕಾ ಹತ್ತಿದರು.

ಮನೆ ಉಳಿಯಿತು. ಶ್ರೀನಿವಾಸಪ್ಪ ಬದುವಿನ ಮೇಲೆ ಕುಸಿದು ಕೂತು ಕೈಮುಗಿದ. “ಈ ಉಪಕಾರ ಸಾಯೋವರೆಗೂ ಮರೆಯಲ್ಲ ತಾಯಿ.”

ಆವಲಮ್ಮ ತಣ್ಣನೆಯ ಮಜ್ಜಿಗೆಯನ್ನು ಅವನ ಕೈಗಿಟ್ಟಳು.

“ಮುನ್ನೂರು ರೂಪಾಯಿಗೆ ನಾನು ನಿಮಗೆ ಸಾಲದ ಪತ್ರ ಬರ್ಕೊಟ್ಟಿದ್ನಲ್ಲ ಸಾಮಿ, ಈ ಹೊಲ ಹರಾಜು ಹಾಕಿಸ್ತೀನಿ ಅಂತ ಹೆದರಿಸ್ತಿದ್ರಲ್ಲ, ಅದನ್ನ ಇನ್ನು ಯಾವ ಕೋರ್ಟಿನಾಗೆ ತೋರಿಸ್ತೀರಿ?”