ಎಣಿಸದೆ ಪಡೆದ ಬೀಗದಕೈ

"ಕೋರ್ಟೇ ನಿಮ್ಮ ಕಡೆ ಇರುವಾಗ ಬೇಡ ಅನ್ನೋಕೆ ನಾವ್ಯಾರು? ತಗೊಳ್ಳಿ," ಎಂದು ಮ್ಯಾನೇಜರು ಎಲ್ಲರೆದುರು ಉಗ್ರಾಣದ ಬೀಗದಕೈ ಚಾಚಿದಾಗ, ಸ್ಟೋರ್‌ಕೀಪರ್ ಹಿಂದೆಮುಂದೆ ನೋಡದೆ ಅದನ್ನು ಕಸಿದುಕೊಂಡಂತೆ ತೆಗೆದುಕೊಂಡ. ತಾಮ್ರದ ತಂತಿಯ ಒಂದು ಸುರುಳಿ ಕಾಣೆಯಾದದ್ದಕ್ಕೆ ಅವನ ಮೇಲೆ ವಿಚಾರಣೆ ನಡೆಯುತ್ತಿತ್ತು. ಅದು ಮುಗಿಯುವ ಮೊದಲೇ ಅವನನ್ನು ದೂರದ ಡಿಪೋಗೆ ಎತ್ತಂಗಡಿ ಮಾಡಿದ್ದರು. ಆ ವರ್ಗಾವಣೆಗೆ ನಿನ್ನೆಯಷ್ಟೇ ತಡೆಯಾಜ್ಞೆ ಸಿಕ್ಕಿತ್ತು. "ಇವತ್ತು ತಲೆಯೆತ್ಕೊಂಡು ಹೋಗ್ರೀ," ಎಂದು ಹೆಂಡತಿ ಇಸ್ತ್ರಿಯ ಅಂಗಿ ತೊಡಿಸಿ ಕಳಿಸಿದ್ದಳು.

ಅಭಿನಂದಿಸಲು ಒಬ್ಬರೂ ಮುಂದೆ ಬರಲಿಲ್ಲ. ಉಗ್ರಾಣದ ಬಾಗಿಲಲ್ಲಿ ಕೂತಿದ್ದ ಮುದಿ ಕಾವಲುಗಾರ ಅವನ ಕೈಯನ್ನೇ ದಿಟ್ಟಿಸಿದ. "ಎಣಿಸದೇನೇ ತಗೊಂಡ್ಬಿಟ್ರಾ ಸಾರ್?"

ಮಾಲು ಎಣಿಸುವ ಮುಂಚೆ ಬೀಗದಕೈ ಮುಟ್ಟಬೇಡಿ, ಮುಟ್ಟಿದರೆ ಒಳಗೆ ಕಮ್ಮಿ ಬಿದ್ದದ್ದೆಲ್ಲ ನಿಮ್ಮ ತಲೆಯ ಮೇಲೆ ಎಂದು ಹೊಸಬರಿಗೆಲ್ಲ ಪಾಠ ಹೇಳುತ್ತಿದ್ದವನು ಸ್ಟೋರ್‌ಕೀಪರೇ. ಅವಸರದಿಂದ ಬಾಗಿಲು ತೆರೆದ. ಸೂರಿನವರೆಗೆ ತಾಮ್ರ ಪೇರಿಸಿರುತ್ತಿದ್ದ ಕೋಣೆಯಲ್ಲಿ, ಸುರುಳಿಗಳು ಕೂತಿದ್ದ ದುಂಡನೆಯ ಗುರುತುಗಳು ಮಾತ್ರ ಧೂಳಿನಲ್ಲಿ ಉಳಿದಿದ್ದವು.

ಹಿಂದಿನಿಂದ, ಫೋನಿನಲ್ಲಿ ಮಾತಾಡುತ್ತಿದ್ದ ಮ್ಯಾನೇಜರ ದನಿ ನಿಧಾನವಾಗಿ ಕೇಳಿಬಂತು. "ಹೂಂ ಸಾರ್, ತಗೊಂಡ್ರು. ಎಲ್ಲರ ಎದುರೇ ತಗೊಂಡ್ರು. ಇನ್ನು ತಪಾಸಣೆಯವರನ್ನ ಕಳಿಸಿ."