ಕೈಯಳತೆಯ ಪಿಸ್ತೂಲು

ಐದನೆಯ ಗುಂಡೂ ಗುರಿಹಲಗೆಯ ನಟ್ಟನಡುವೆ ಹೋಗಿ ಕೂತಾಗ ಗಿರಿರಾಜ್‌ಗೆ ತಾನೇ ಪದಕ ಗೆದ್ದಷ್ಟು ಹಿಗ್ಗಾಯಿತು. ಹೊಡೆದವಳು ಮಗಳು ರಂಜಿನಿ. "ನೋಡಿದ್ರಾ ಮುನಿಯಣ್ಣ? ಹೊಸ ಪಿಸ್ತೂಲು, ಮೊದಲ್ನೇ ದಿನ!" ಎಂದು ಅವನು ಸದ್ದು ತಡೆಯಲು ಕಿವಿಗೆ ಹಾಕಿಕೊಂಡಿದ್ದ ಮುಚ್ಚಳ ತೆಗೆಯುವುದನ್ನೂ ಮರೆತು ಕಿರುಚಿದ.

ಮುನಿಯಣ್ಣ ಪೊಲೀಸ್ ಇಲಾಖೆಯಲ್ಲಿ ಮೂವತ್ತು ವರ್ಷ ಬಂದೂಕು ರಿಪೇರಿ ಮಾಡಿ ನಿವೃತ್ತರಾದವರು. ಬಾಪೂಜಿ ನಗರದ ಮನೆಯಿಂದ ಅವರನ್ನು ಕಾರಿನಲ್ಲಿ ಕೂರಿಸಿಕೊಂಡು ಕೆಂಗೇರಿ ಆಚೆಯ ಈ ಶೂಟಿಂಗ್ ರೇಂಜಿಗೆ ಕರೆತಂದದ್ದೇ ಪಿಸ್ತೂಲಿನ ಪರೀಕ್ಷೆಗೆ. ಅವರು ಹೂಂ ಅಂದರೆ ಕೊಳ್ಳುವುದು, ಇಲ್ಲವಾದರೆ ವಾಪಸ್. ಆಗಲೇ ಅವರು ನಳಿಕೆಯೊಳಗೆ ಇಣುಕಿ ನೋಡಿದ್ದರು, ಗುಂಡಿಲ್ಲದೆ ನಾಲ್ಕು ಸಲ ಟ್ರಿಗರ್ ಎಳೆದಿದ್ದರು. ರಂಜಿನಿಯ ಅಂಗೈಯ ಅಚ್ಚು ತೆಗೆದು ಕಡೆಸಿದ ಮರದ ಹಿಡಿ ಅದಕ್ಕೆ. ಅಳತೆ ಕೊಟ್ಟು ಹೊಲಿಸಿದ ರವಿಕೆಯಂತೆ ಅವಳೊಬ್ಬಳಿಗೇ ಸರಿಹೋಗುವಂಥದ್ದು.

"ಸ್ಪರ್ಧೆಗೆ ಕಣ್ಮುಚ್ಕೊಂಡು ತಗೊಳ್ಳಿ," ಅಂದರು ಮುನಿಯಣ್ಣ. "ಇಂಥ ಕೆಲಸ ನನ್ನ ಸರ್ವೀಸಲ್ಲೇ ನೋಡಿಲ್ಲ."

"ಅದಾಯ್ತು. ಸೊಂಟಕ್ಕೆ?"

ಗಿರಿರಾಜ್ ಒಂದು ಸಾಮಾನು ಕೊಂಡರೆ ಅದು ಎರಡು ಕೆಲಸಕ್ಕಾಗಬೇಕು ಅನ್ನುವ ಆಸಾಮಿ. ಮಾರೇನಹಳ್ಳಿಯ ಅವನ ಮನೆಯಲ್ಲಿ ಸೋಫಾ ಎಳೆದರೆ ಮಂಚ, ಊಟದ ಮೇಜು ಮಡಚಿದರೆ ಇಸ್ತ್ರಿ ಮೇಜು. ಪಿಸ್ತೂಲೂ ಅಷ್ಟೇ: ಸ್ಪರ್ಧೆಗೂ ಆಗಬೇಕು, ಮಿಕ್ಕ ದಿನ ಮಗಳ ಸೊಂಟದಲ್ಲೂ ಇರಬೇಕು. ರಾಜಾಜಿನಗರದ ಆಫೀಸಿನಿಂದ ಒಬ್ಬ ಹಿಂದೆ ಹಿಂದೆ ಬರುತ್ತಾನೆ ಅಂತ ರಂಜಿನಿ ನಾಲ್ಕು ತಿಂಗಳ ಹಿಂದೆ ಹೇಳಿದ್ದಳು. ಅವತ್ತಿನಿಂದ ಅಪ್ಪನಿಗೆ ಅನ್ನ ಸೇರುತ್ತಿರಲಿಲ್ಲ, ಪಾಪ.

"ಕಂಪ್ಲೇಂಟ್ ಕೊಡ್ಲಿಲ್ವಾ?" ಮುನಿಯಣ್ಣ ಕೇಳಿದರು.

"ಅಯ್ಯೋ, ಗಂಡಿನ ಕಡೆಯವ್ರು ಬಂದು ನೋಡ್ಕೊಂಡು ಹೋಗಿದಾರೆ. ಈಗ ಪೊಲೀಸು ಗಿಲೀಸು ಅಂದ್ರೆ ನಾಲ್ಕು ಜನ ನಾಲ್ಕು ಥರ ಮಾತಾಡ್ತಾರೆ. ಇದೊಂದು ಇವಳ ಹತ್ರ ಇದ್ರೆ ನಂಗೆ ಧೈರ್ಯ."

ಮುನಿಯಣ್ಣ ಪಿಸ್ತೂಲಿನಲ್ಲಿ ಗುಂಡಿಲ್ಲವೆಂದು ಎರಡೆರಡು ಸಲ ನೋಡಿ, ಸೊಂಟಕ್ಕೆ ಕಟ್ಟುವ ಚರ್ಮದ ಚೀಲಕ್ಕೆ ಸೇರಿಸಿದರು. ಗಿರಿರಾಜ್ ತಡೆಯಲಾರದೆ ಅದನ್ನು ತಾನೇ ಕಟ್ಟಿಕೊಂಡ. ಮೇಲೆ ಅಂಗಿ ಎಳೆದುಕೊಂಡು ಮದುವೆ ಗಂಡಿನಂತೆ ಎರಡು ಹೆಜ್ಜೆ ನಡೆದು ತೋರಿಸಿದ. "ಹೆಂಗೆ? ಗೊತ್ತೇ ಆಗಲ್ಲ ಅಲ್ವಾ?"

"ಇದರ ಪರೀಕ್ಷೆ ಬೇರೆ ಸಾರ್," ಅಂದರು ಮುನಿಯಣ್ಣ. "ಸ್ಪರ್ಧೇಲಿ ಇಪ್ಪತ್ತೈದು ಮೀಟರ್ ಅಂತ ರೂಲ್ಸೇ ಇದೆ. ಇಲ್ಲಿ ದೂರ ಎಷ್ಟು ಅನ್ನೋದು ಅವನ ಇಷ್ಟ. ಆ ಹುಡುಗ ಎಷ್ಟು ದೂರದಲ್ಲಿ ಇರ್ತಾನೆ?"

"ದೂರಾನೇ. ಐವತ್ತಡಿ ಹಿಂದೆ ಬರ್ತಾನೆ, ಅಷ್ಟೆ," ಎಂದು ಗಿರಿರಾಜ್ ತಾನೇ ಉತ್ತರ ಕೊಟ್ಟ.

"ಅಪ್ಪ, ಗೋಡೆ ಕಡೆ ತಿರುಗಿ ನಿಂತ್ಕೊ," ಅಂದಳು ರಂಜಿನಿ.

ಅವನು ನಗುತ್ತಲೇ ತಿರುಗಿ ನಿಂತ. ಅವಳು ಬಂದು ಬೆನ್ನ ಹಿಂದೆ ನಿಂತಳು. ಇನ್ನೂ ಹತ್ತಿರ ಬಂದಳು. ಅವಳ ಉಸಿರು ಅವನ ಕುತ್ತಿಗೆಗೆ ತಾಗಿತು.

"ಆಫೀಸಿನ ಲಿಫ್ಟಲ್ಲಿ ಇಷ್ಟು ಹತ್ರ ನಿಲ್ತಾನೆ. ಐದು ಮಹಡಿ. ಈಗ ಪಿಸ್ತೂಲು ತೆಗಿ ನೋಡೋಣ."

ಗಿರಿರಾಜ್ ಕೈ ಹಾಕಿದ. ಅಂಗಿಯ ಅಂಚು ಸಿಕ್ಕಿಕೊಂಡಿತು. ಮೊಣಕೈ ಹಿಂದಕ್ಕೆ ಎಳೆದರೆ ಮಗಳ ಪಕ್ಕೆಗೆ ತಗುಲಿತು, ಮುಂದೆ ಜಾಗವಿಲ್ಲ. ಅವಳು ಕದಲಲೂ ಇಲ್ಲ, ಮಾತೂ ಆಡಲಿಲ್ಲ, ಸುಮ್ಮನೆ ಉಸಿರಾಡುತ್ತಿದ್ದಳು. ಹಿಂದೆ ಇರುವವಳು ತನ್ನ ಮಗಳೇ ಎಂದು ಗೊತ್ತಿದ್ದೂ ಗಿರಿರಾಜ್‌ಗೆ ಹೆದರಿಕೆಯಾಯಿತು. ನಿಜವಾದ ಹೆದರಿಕೆ.

"ಸಾಕಮ್ಮ," ಅಂದ. "ಸಾಕು, ಆ ಕಡೆ ಸರ್ಕೊ."

ಅವಳು ಸರಿದಳು. ಅವನು ಬೆಂಚಿನ ಮೇಲೆ ಕುಸಿದು ಕೂತ. "ಇಷ್ಟೆಲ್ಲಾ ಆಗಿದೆ, ಯಾಕಮ್ಮ ನಂಗೆ ಹೇಳ್ಲಿಲ್ಲ?"

"ನೀನೆಲ್ಲಿ ಕೇಳ್ದೆ? ನಳಿಕೆ ಎಷ್ಟುದ್ದ, ತೂಕ ಎಷ್ಟು, ಯಾವ ದೇಶದ್ದು ಅಂತ ಕಂಡೋರನ್ನೆಲ್ಲಾ ಕೇಳ್ದೆ." ರಂಜಿನಿ ಅವನ ಎದುರು ಬಂದು ನಿಂತಳು. "ಅವನ ಹೆಸರೇನು ಅಂತ ಒಂದಿನ ನನ್ನ ಕೇಳಿದ್ಯಾ ಅಪ್ಪ?"

ಮುನಿಯಣ್ಣ ಬಗ್ಗಿ ಗಿರಿರಾಜ್‌ನ ಸೊಂಟದ ಚರ್ಮದ ಪಟ್ಟಿ ಬಿಚ್ಚಿದರು. ಪಿಸ್ತೂಲು ರೇಂಜಿನ ಬೀರುವಿನಲ್ಲೇ ಉಳಿಯಿತು. ವಾಪಸ್ ಬರುವಾಗ ಮೈಸೂರು ರಸ್ತೆಯಲ್ಲಿ ಮನೆಯ ಕಡೆ ತಿರುಗಬೇಕಾದಲ್ಲಿ ತಿರುಗದೆ ಗಿರಿರಾಜ್ ನೇರ ಹೋಗಿ, ಒಂದು ಪೊಲೀಸ್ ಸ್ಟೇಷನ್ನಿನ ಮುಂದೆ ಕಾರು ನಿಲ್ಲಿಸಿದ.

ಮುನಿಯಣ್ಣ ಇಳಿಯಲು ಬಾಗಿಲಿಗೆ ಕೈ ಹಾಕಿದರು. ಗಿರಿರಾಜ್ ಅವರ ತೋಳು ಹಿಡಿದು ತಡೆದು, ಹಿಂದಿನ ಸೀಟಿನಲ್ಲಿದ್ದ ರಂಜಿನಿಯ ಕಡೆ ತಿರುಗಿದ.

"ಒಳಗೆ ಹೋದ್ರೆ ಅವ್ರು ಕೇಳ್ತಾರೆ. ಅದಕ್ಕಿಂತ ಮುಂಚೆ ನಾನು ಕೇಳ್ಬೇಕು. ಏನಮ್ಮಾ ಅವನ ಹೆಸರು?"